ಕಿಟಕಿ ಬಳಿಯ ಶಾಟು

ನಲವತ್ತು ವರ್ಷ ಕಂಡಕಂಡವರಿಗೆಲ್ಲ "ಸ್ವಲ್ಪ ಮುಖ ಎತ್ತಿ" ಎಂದು ಹೇಳಿಯೇ ಬದುಕಿದ ಕ್ಯಾಮೆರಾಮನ್, ಅರವತ್ತೊಂದನೆಯ ವಯಸ್ಸಿನಲ್ಲಿ ಹತ್ತು ದಿನ ಬೋರಲಾಗಿ ಮಲಗಬೇಕಾಯಿತು. ಬಲಗಣ್ಣಿನ ಒಳಪದರ ಕಿತ್ತುಬಂದಿತ್ತು. ಆಪರೇಷನ್ ಮಾಡಿದ ಡಾಕ್ಟರು ಕಣ್ಣೊಳಗೆ ಗಾಳಿಗುಳ್ಳೆ ಬಿಟ್ಟು, ಪದರ ಅಂಟಿಕೊಳ್ಳುವವರೆಗೂ ತಲೆ ಎತ್ತಕೂಡದು ಎಂದು ಕಟ್ಟಪ್ಪಣೆ ಮಾಡಿದ್ದರು.

ದೆವ್ವದ ಚಿತ್ರ, ನಗೆಚಿತ್ರ, ಹೊಡೆದಾಟ, ಕಣ್ಣೀರು, ಯಾವುದಕ್ಕೂ ಅವರು ಒಲ್ಲೆ ಎಂದವರಲ್ಲ. ದೆವ್ವಕ್ಕಿಟ್ಟ ದೀಪವನ್ನೇ ಎರಡು ಮೊಳ ಸರಿಸಿ ಮದುಮಗಳನ್ನು ತೋರಿಸುತ್ತಾರೆ ಎಂದು ಲೈಟಿನವರು ತಮಾಷೆ ಮಾಡುತ್ತಿದ್ದರು. ಐವತ್ತು ದಾಟಿದ ಮೇಲೆ ನಿರ್ಮಾಪಕರೂ ಆದರು. ಈಗಿನದು ಮೂರನೆಯ ಚಿತ್ರ. ಒಂಬತ್ತು ದಿನದ ಕೆಲಸ ಬಾಕಿಯಿತ್ತು. ಮುಖ್ಯ ಪಾತ್ರದ ಹಿರಿಯ ನಟಿ ಆಮೇಲೆ ಸಿಗುವಂತಿರಲಿಲ್ಲ. ಹಾಗಾಗಿ ಹತ್ತೊಂಬತ್ತು ವರ್ಷದಿಂದ ಜೊತೆಗಿದ್ದ ಸಹಾಯಕಿಗೆ ಕ್ಯಾಮೆರಾ ಒಪ್ಪಿಸಿದರು. ಒಪ್ಪಿಸಿದ್ದು ಬಾಯಿಮಾತಿಗೆ ಮಾತ್ರ; ಯಾವ ಶಾಟಿಗೆ ಯಾವ ದೀಪ ಎಲ್ಲಿರಬೇಕು ಎಂದು ಹೆಂಡತಿಯ ಕೈಲಿ ಬರೆಸಿ ಕಳಿಸಿದರು.

ದಿನಾ ಸಂಜೆ ಸಹಾಯಕಿ ಬಂದು ಮಂಚದ ಪಕ್ಕ ನೆಲದ ಮೇಲೆ ಕೂತು ಅಂದಿನ ಕೆಲಸ ವಿವರಿಸುತ್ತಿದ್ದಳು. ಅವರ ಎಡಗಣ್ಣಿಗೆ ಕಾಣುತ್ತಿದ್ದುದು ನೆಲ, ಅವಳ ಧೂಳು ಮೆತ್ತಿದ ಪಾದ, ಅಷ್ಟೇ. ಆರನೆಯ ಸಂಜೆ ಅವಳ ದನಿ ಅಳುಕಿತು. ಮಗಳ ಸಾವಿನ ಸುದ್ದಿ ಕೇಳಿ ತಾಯಿ ಕಿಟಕಿಯ ಬಳಿ ನಿಲ್ಲುವ ದೃಶ್ಯಕ್ಕೆ ಇವರು ನಾಲ್ಕು ದೀಪ ಬರೆಸಿದ್ದರು. ಅವಳು ಒಂದನ್ನೂ ಹಚ್ಚದೆ ಕಿಟಕಿಯ ಮಬ್ಬು ಬೆಳಕಲ್ಲೇ ತೆಗೆದಿದ್ದಳು.

"ಮುಖಾನೇ ಕಾಣದಿದ್ರೆ ಜನ ಅಳೋದು ಏನನ್ನ ನೋಡಿ?"

"ಕೈ ನೋಡಿ ಸರ್. ಆಯಮ್ಮ ಕಿಟಕಿ ಪರದೆ ಅಂಚನ್ನ ಮಡಚ್ತಾನೇ ಇದ್ರು. ದೀಪ ಹಾಕಿದ್ರೆ ಎಲ್ರೂ ಮುಖಾನೇ ನೋಡ್ತಿದ್ರು, ಆ ಕೈ ಯಾರ ಕಣ್ಣಿಗೂ ಬೀಳ್ತಿರ್ಲಿಲ್ಲ."

ಅವರಿಗೆ ಮೈಯೆಲ್ಲ ಉರಿಯಿತು. ನಾಳೆ ಮತ್ತೆ ತೆಗೆಯಬೇಕೆಂದರು. ಅವಳು ಆಗಲಿ ಎಂದು ಎದ್ದುಹೋದಳು.

ಊಟ ತಂದ ಹೆಂಡತಿ ಎಲ್ಲವನ್ನೂ ಕೇಳಿಸಿಕೊಂಡಿದ್ದರು. "ರೀ, ಇಷ್ಟು ವರ್ಷದಲ್ಲಿ ಒಂದು ದಿನ ನಿಮಗೆ ಎದುರಾಡಿದ್ದಾಳಾ ಅವಳು? ಇವತ್ತು ಆಡಿದ್ದಾಳೆ ಅಂದ್ರೆ ಏನೋ ಕಂಡಿರ್ಬೇಕು."

ಅವರು ಅರ್ಧ ಊಟಕ್ಕೇ ತಟ್ಟೆ ಸರಿಸಿದರು. ಕೊನೆಗೆ, ಆ ಶಾಟು ಹಾಗೇ ಇರಲಿ ಎಂದು ಫೋನು ಮಾಡಿಸಿದರು.

ಎರಡು ತಿಂಗಳಾದ ಮೇಲೆ ಚಿತ್ರವನ್ನು ಪರದೆಯ ಮೇಲೆ ನೋಡಿದರು. ಮಬ್ಬುಗತ್ತಲ ಕಿಟಕಿ, ಒಂದು ಮುದಿ ಕೈ, ಬಟ್ಟೆಯ ಅಂಚನ್ನು ಮಡಚುತ್ತ, ಬಿಚ್ಚುತ್ತ, ಮತ್ತೆ ಮಡಚುತ್ತ. ತಮ್ಮ ಚಿತ್ರಗಳಲ್ಲೇ ಎಲ್ಲಕ್ಕಿಂತ ಒಳ್ಳೆಯ ಶಾಟನ್ನು ತೆಗೆದದ್ದು ತಾವಲ್ಲ. ಹೊಟ್ಟೆಕಿಚ್ಚಾಗಬೇಕಿತ್ತು, ಬದಲಿಗೆ ಹೊತ್ತ ಹೊರೆಯನ್ನು ಯಾರೋ ಇಳಿಸಿಕೊಂಡಷ್ಟು ಹಗುರವಾಯಿತು.

ಛಾಯಾಗ್ರಹಣದ ಸಾಲಿನಲ್ಲಿ ಅವಳ ಹೆಸರನ್ನು ಮೊದಲು ಹಾಕಿಸಿ, ತಮ್ಮದನ್ನು ಕೆಳಗಿಟ್ಟರು.

"ಒಂಬತ್ತು ದಿನದ ಕೆಲಸಕ್ಕೆ ಇದು ಹೆಚ್ಚಾಯ್ತು ಸರ್," ಎಂದಳು ಅವಳು.

"ಹತ್ತೊಂಬತ್ತು ವರ್ಷದ ಕೆಲಸ ಕಣಮ್ಮ. ನನಗೇ ತಡವಾಗಿ ಕಂಡಿದ್ದು."

ಬಲಗಣ್ಣು ಪೂರ್ತಿ ಮರಳಲಿಲ್ಲ. ಲೋಟಕ್ಕೆ ನೀರು ಬಗ್ಗಿಸಿದರೆ ಅರ್ಧ ಹೊರಗೇ ಬೀಳುತ್ತಿತ್ತು. ಅವರು ಮತ್ತೆ ಕ್ಯಾಮೆರಾ ಮುಟ್ಟಲಿಲ್ಲ. ಮುಂದಿನ ಚಿತ್ರ ನಿರ್ಮಿಸಿದಾಗ ಕ್ಯಾಮೆರಾ ಅವಳದೇ. ಶೂಟಿಂಗಿನ ಮೊದಲ ಬೆಳಿಗ್ಗೆ ಅವರು ಆಸೆಯಿಂದ ಕುರ್ಚಿಯನ್ನು ತೀರ ಮುಂದೆ ಹಾಕಿಕೊಂಡು ಕೂತಿದ್ದರು.

"ಸರ್, ಒಂಚೂರು ಆ ಕಡೆ. ನಿಮ್ಮ ನೆರಳು ಬೀಳ್ತಿದೆ," ಎಂದಳು ಅವಳು, ಕ್ಯಾಮೆರಾದಿಂದ ಕಣ್ಣು ತೆಗೆಯದೆ.

ನಿರ್ಮಾಪಕರು ಕುರ್ಚಿ ಎತ್ತಿಕೊಂಡು ನಗುತ್ತಲೇ ಗೋಡೆಯ ಪಕ್ಕಕ್ಕೆ ನಡೆದರು.