ಬಾಗಿಲಿಗೆ ಅಡ್ಡ ನಿಂತವರು

ಅತ್ತೆ ಕಮಲಾವತಿ ಅನ್ನ ಬಿಟ್ಟು ಇಂದಿಗೆ ಇಪ್ಪತ್ತೆರಡು ದಿನ. ಹೊತ್ತು ಮುಳುಗುವ ಮುಂಚೆ ಒಂದು ಲೋಟ ಹಾಲು, ಅಷ್ಟೇ.

ವಯನಾಡಿನ ನಮ್ಮ ಮನೆಬಸದಿಯ ಪಾರ್ಶ್ವನಾಥಸ್ವಾಮಿ, ಗೇಣುದ್ದದ ಕಂಚಿನ ಮೂರ್ತಿ, ಎರಡು ವರ್ಷದ ಹಿಂದೆ ಕಳುವಾಯಿತು. ಕಳೆದ ತಿಂಗಳು ಟಿವಿಯಲ್ಲಿ ಕೊಚ್ಚಿಯ ವಿಶ್ವಂಭರನ್ ಎಂಬ ಶ್ರೀಮಂತರ ಕಲಾಸಂಗ್ರಹದ ಬಗ್ಗೆ ಒಂದು ಸಾಕ್ಷ್ಯಚಿತ್ರ ಬಂತು. ಅವರು ಸೋಫಾದಲ್ಲಿ ಕೂತು ಚಹಾ ಕುಡಿಯುತ್ತಿದ್ದರು. ಹಿಂದೆ ಗಾಜಿನ ಕಪಾಟಿನಲ್ಲಿ ನಮ್ಮ ಸ್ವಾಮಿ. ತಲೆಯ ಮೇಲಿನ ಸರ್ಪದ ಏಳು ಹೆಡೆಗಳಲ್ಲಿ ಎಡತುದಿಯದು ಮುರಿದಿತ್ತು. ಅತ್ತೆ ಮದುವೆಯಾಗಿ ಬಂದ ವರ್ಷ ಅಭಿಷೇಕದ ಬಿಂದಿಗೆ ತಗುಲಿ ಮುರಿದದ್ದು.

"ಸ್ವಾಮಿ ಅಲ್ಲಿ ಕೂತಿರೋದು ಕಂಡ ಮೇಲೆ ನಾನಿಲ್ಲಿ ಹೆಂಗೆ ಉಣ್ಣಲಿ?" ಎಂದು ಅತ್ತೆ ಅಂದೇ ತಟ್ಟೆ ಸರಿಸಿದರು.

ಪೊಲೀಸರದು ಒಂದೇ ಮಾತು. "ತೆಳಿವು, ಅಂದರೆ ಸಾಕ್ಷಿ ಬೇಕು. ನಿಮ್ಮ ಮನೇಲಿದ್ದಾಗಿನ ಫೋಟೋ ತನ್ನಿ." ಗರ್ಭಗುಡಿಗೆ ಕ್ಯಾಮೆರಾ ಹೋಗಬಾರದೆಂಬುದು ಮಾವನ ಕಾಲದ ಕಟ್ಟುಪಾಡು. ಫೋಟೋ ಎಲ್ಲಿಂದ ತರುವುದು? ಮೂರ್ತಿ ಸೋಮವಾರ ವಿದೇಶದ ಪ್ರದರ್ಶನಕ್ಕೆ ಹೊರಡುತ್ತದಂತೆ.

ಆಗ ನೆನಪಾದವಳು ಷೈಜ, ಏಳು ವರ್ಷದ ಹಿಂದೆ ಇಲ್ಲಿನ ಬಸದಿಗಳ ವಿಡಿಯೋ ಚಿತ್ರ ತೆಗೆಯಲು ಬಂದಿದ್ದವಳು. ಅದಕ್ಕೆ ಖರ್ಚು ಹಾಕಿದ್ದ ಇದೇ ವಿಶ್ವಂಭರನ್ ಅವರೂ ಜೊತೆಗೆ ಬಂದಿದ್ದರು. ಫೋನಿನಲ್ಲಿ ಬೇಡಿಕೊಂಡೆ.

"ಚೇಚಿ, ಇರೋದೆಲ್ಲ ಕಳಿಸ್ತೀನಿ. ಒಳಗೆ ನೀವು ಬಿಡಲಿಲ್ಲ ಅಲ್ವಾ, ಹೊರಗಿಂದ ಸಿಕ್ಕಿದ್ದಷ್ಟೇ."

ಇವತ್ತು ಶನಿವಾರ, ವಿಡಿಯೋ ಬಂತು. ಅತ್ತೆ, ನಾನು, ನನ್ನ ಗಂಡ ರಾಜೇಶ್ ಲ್ಯಾಪ್‌ಟಾಪಿನ ಮುಂದೆ ಕೂತೆವು. ವಿಶ್ವಂಭರನ್ ಮೂರು ಕಡೆ ಇದ್ದಾರೆ. ಬಾವಿಕಟ್ಟೆಯಲ್ಲಿ ಕಾಲು ತೊಳೆಯುತ್ತಾರೆ. ನೀರು ಹೊಯ್ಯುತ್ತಿರುವವಳು ನಾನೇ. ಜಗುಲಿಯಲ್ಲಿ ಉಣ್ಣುತ್ತಾರೆ, ಅತ್ತೆ ಎರಡನೇ ಸಲ ಪಾಯಸ ಬಡಿಸುತ್ತಾರೆ.

"ಬೆರಳು ನೆಕ್ಕಿದ ನೋಡು," ಎಂದರು ಅತ್ತೆ.

ಮೂರನೆಯದು ಗರ್ಭಗುಡಿಯ ಬಾಗಿಲು. ಕ್ಯಾಮೆರಾ ಅಂಗಳದಲ್ಲಿದೆ, ಒಳಗೆ ದೀಪ ಉರಿಯುತ್ತಿದೆ. ಹೊಸ್ತಿಲಲ್ಲಿ ವಿಶ್ವಂಭರನ್, ಬೆನ್ನು ನಮಗೆ. ದೊಡ್ಡವರು, ಹತ್ತಿರದಿಂದ ನೋಡಲಿ ಎಂದು ಅಲ್ಲಿಗೆ ಕರೆದದ್ದು ಅತ್ತೆಯೇ. ಆ ಅಗಲವಾದ ಬೆನ್ನು ಸ್ವಾಮಿಯನ್ನು ಪೂರ್ತಿ ಮುಚ್ಚಿದೆ. ನಾಲ್ಕು ನಿಮಿಷ. ಒಮ್ಮೆ ಮಾತ್ರ ಅವರು ಎಡಕ್ಕೆ ವಾಲಿದರು. ಭುಜದಾಚೆ ಒಂದು ಹೆಡೆ ಕಂಡಿತು. ಬಲತುದಿಯದು. ಮುರಿಯದ ಹೆಡೆ.

"ಇನ್ನೊಂದ್ಸಲ ಹಾಕು."

"ಆರು ಸಲ ಆಯ್ತಮ್ಮ. ಇಂಥ ಹೆಡೆ ಎಲ್ಲಾ ಬಸದೀಲೂ ಇರುತ್ತೆ ಅಂತಾರೆ ಪೊಲೀಸರು," ಎಂದರು ರಾಜೇಶ್. ಆದರೂ ಹಾಕಿದರು.

ಹೊತ್ತು ಮುಳುಗುತ್ತಿತ್ತು. ನಾನು ಹಾಲಿನ ಲೋಟ ಹಿಡಿದು ನಿಂತೆ. ಅತ್ತೆ ನೋಡಲಿಲ್ಲ. ಮುಂದೆ ಬಾಗಿ, ಪರದೆಯ ಮೇಲಿನ ಆ ಬೆನ್ನಿಗೆ ಬೆರಳು ತಾಗಿಸಿದರು.

"ಸ್ವಲ್ಪ ಈಚೆ ಸರೀರಿ," ಎಂದರು, ಮನೆಗೆ ಬಂದವರಿಗೆ ಹೇಳುವ ಅದೇ ಮೆತ್ತಗಿನ ದನಿಯಲ್ಲಿ.