ಅಕ್ಕ ರುಜು ಹಾಕದ ಅರ್ಜಿ

ನಮ್ಮಕ್ಕ ದಿಯೊಲಿಂಡಾಳಿಗೆ ಕಿವಿ ಕೇಳುವುದಿಲ್ಲ. ಇದು ನ್ಯೂ ಬೆಡ್‌ಫರ್ಡಿನ ನಮ್ಮ ಬೀದಿಗೆಲ್ಲ ಗೊತ್ತು, ಅಕ್ಕನೊಬ್ಬಳಿಗೆ ಗೊತ್ತಿಲ್ಲ. ಅವಳು ನಡುವಿನ ಮಹಡಿಯಲ್ಲಿ, ನಾನು ಕೆಳಗೆ, ಇಬ್ಬರೂ ಬಾಡಿಗೆಗೆ.

ಚಳಿಗೆ ಮುಂಚೆ ಅಗ್ನಿಶಾಮಕದವನು ತಪಾಸಣೆಗೆ ಬಂದ. ಬಾಡಿಗೆ ಮನೆಯಲ್ಲಿ ಹೊಗೆಗೂ ವಿಷಗಾಳಿಗೂ ಅಲಾರಂ ಇರಲೇಬೇಕೆಂದು ಕಾನೂನು. ಅಕ್ಕನ ಅಡುಗೆಮನೆಯಲ್ಲಿದ್ದುದರ ಗುಂಡಿ ಒತ್ತಿದ. ಹೆಣ ಎದ್ದು ಕೂರುವಂತೆ ಕಿರುಚಿರಬೇಕು, ಒತ್ತಿದವನೇ ಕಿವಿ ಮುಚ್ಚಿಕೊಂಡ. ಅಕ್ಕ ಅದರ ಕೆಳಗೇ ನಿಂತು ಸೊಪ್ಪು ಹೆಚ್ಚುತ್ತಿದ್ದಳು.

"ಪಾಸ್," ಎಂದ.

"ಪಾಸ್ ಹೇಗಪ್ಪಾ? ಅವಳಿಗೆ ಕೇಳಿಸ್ಲೇ ಇಲ್ಲ!"

"ಅದು ಕೂಗುತ್ತಾ ಅಂತಷ್ಟೇ ನನ್ ಚೀಟೀಲಿರೋದು ಸಾರ್. ದೀಪ ಮಿಂಚೋದು, ಹಾಸಿಗೆ ಅಲ್ಲಾಡ್ಸೋದು ಬೇರೆ ಥರದ್ದಿದೆ. ಕಿವಿ ಕೇಳಲ್ಲ ಅಂತ ಅವರೇ ಅರ್ಜಿಗೆ ರುಜು ಹಾಕ್ಬೇಕು."

ಅರ್ಜಿಯನ್ನು ಅಕ್ಕನ ಮುಂದಿಟ್ಟೆ. ಓದಿದಳು, ಮಡಚಿದಳು, ಕುಂಟುತ್ತಿದ್ದ ಮೇಜಿನ ಕಾಲಡಿಗೆ ತುರುಕಿದಳು. "ನನ್ ಕಿವಿ ಸರಿಯಾಗೇ ಇದೆ ಎರ್ಮಿನಿಯೋ. ನೀವೆಲ್ಲ ಗೊಣಗೋದು."

ನಾಲ್ಕು ಸಲ ತಂದೆ. ಮೇಜು ಈಗ ಕುಂಟುವುದಿಲ್ಲ.

ಕೊನೆಗೆ ನಾನೇ ಅವಳ ಅಲಾರಂ ಆದೆ. ಹೊಗೆಯಾದರೆ ಮೂಗಿಗಾದರೂ ತಿಳಿದೀತು, ವಿಷಗಾಳಿಗೆ ವಾಸನೆಯೂ ಇಲ್ಲ ಎಂಬುದೇ ನನ್ನ ಹೆದರಿಕೆ. ಕ್ರಿಸ್‌ಮಸ್ಸಿಗೆ ಮಗಳು ಕರೆದರೂ ಹೋಗಲಿಲ್ಲ. ಟಿ.ವಿ. ಧ್ವನಿ ಇಳಿಸಿ, ಮಹಡಿಗೆ ಕಿವಿಗೊಟ್ಟು ಕೂತೆ.

ಕಳೆದ ಭಾನುವಾರ ಮಧ್ಯಾಹ್ನ ಮೇಲಿನ ಮನೆಯ ನರ್ಸ್ ಗ್ರಾಸಿಯೆಲಾ ಬಾಗಿಲು ದೂಡಿಕೊಂಡು ಬಂದವಳೇ ನನ್ನ ರಟ್ಟೆ ಹಿಡಿದು ಮೇಲಕ್ಕೆಳೆದಳು. ಅಕ್ಕನ ಅಡುಗೆಮನೆ ತುಂಬ ಹೊಗೆ. ಬಾಣಲೆಯಲ್ಲಿ ಸಾಸೇಜು ಸೀದು ಕರಿಕಾಗಿತ್ತು. ಅಕ್ಕ ಪಕ್ಕದ ಕೋಣೆಯಲ್ಲಿ ಆರಾಮಾಗಿ ಸ್ವೆಟರ್ ಹೆಣೆಯುತ್ತಿದ್ದಳು. ಗ್ರಾಸಿಯೆಲಾ ಒಲೆ ಆರಿಸಿ ಕಿಟಕಿ ತೆರೆದಳು.

"ಬ್ಯಾಟರಿ ಹೋಗಿದೆ ನೋಡು, ಅಲಾರಂ ಕೂಗ್ಲೇ ಇಲ್ಲ!" ಎಂದೆ.

ತಿರುಗಿದರೆ ಗ್ರಾಸಿಯೆಲಾ ಎರಡೂ ಕಿವಿ ಮುಚ್ಚಿಕೊಂಡಿದ್ದಳು.

ಕುರ್ಚಿ ಹತ್ತಿ ಅಲಾರಮಿನ ಹತ್ತಿರಕ್ಕೆ ಕಿವಿ ತಂದೆ. ಸೊಳ್ಳೆ ಗುಂಯ್‌ಗುಟ್ಟಿದಷ್ಟು ಕೇಳಿಸಿತು. ಚಳಿಗಾಲವಿಡೀ ನಾನು ಯಾವ ಸದ್ದಿಗೆ ಕಾದೆ?

ಗ್ರಾಸಿಯೆಲಾ ಅಲಾರಂ ನಿಲ್ಲಿಸಿ, ಅಕ್ಕನನ್ನು ಕರೆತಂದು ಕೂರಿಸಿ, ಮೇಜಿನ ಕಾಲಡಿಯಿಂದ ಎರಡು ಅರ್ಜಿ ಎಳೆದು ಒಂದನ್ನು ಅಕ್ಕನ ಮುಂದೆ, ಇನ್ನೊಂದನ್ನು ನನ್ನ ಮುಂದೆ ಇಟ್ಟಳು. ನನ್ನ ಕಿವಿಗೇ ಬಾಯಿಟ್ಟು ಕೂಗಿದಳು: "ಕಾಲು ಗಂಟೆಯಿಂದ ಬಡ್ಕೋತಿದೆ ಮಾಮಾ! ನೀವಾದ್ರೂ ರುಜು ಹಾಕಿ!"

ಅಕ್ಷರಕ್ಷರವೂ ಕೇಳಿಸಿತು. ಅಕ್ಕ ನನ್ನ ಮುಖವನ್ನೇ ನೋಡುತ್ತಿದ್ದಳು. ನಾನು ಹಾಕಿದರೆ ಅವಳೂ ಹಾಕುತ್ತಾಳೆಂದು ನನಗೆ ಗೊತ್ತಿತ್ತು. ಆಗಲಿ ಎನ್ನಲೆಂದೇ ಬಾಯಿ ತೆರೆದೆ.

"ಬಿಡಿಸಿ ಹೇಳಮ್ಮಾ," ಎಂದೆ. "ಯಾಕೆ ಹಾಗೆ ಗೊಣಗ್ತೀಯ?"