ಎಮ್ಮೆಯನ್ನು ಕಂಡ ಕಪ್ಪು ಕನ್ನಡಕ

ನಾನು ಒಂದು ಕಪ್ಪು ಕನ್ನಡಕ. ಬೆಂಗಳೂರಿನ ಯಾವುದೋ ಸಂದಿಯ ಶೆಡ್ಡಿನಲ್ಲಿ, ಕರಗಿದ ಪ್ಲಾಸ್ಟಿಕ್ಕಿನ ನಾತದ ನಡುವೆ ಹುಟ್ಟಿದೆ. ಮೆಜೆಸ್ಟಿಕ್ಕಿನ ಫುಟ್‌ಪಾತಿನಲ್ಲಿ ರಟ್ಟಿಗೆ ಸಿಕ್ಕಿಸಿಕೊಂಡು ನಿಂತಿದ್ದಾಗ, ಯಾವನಾದರೂ ಷೋಕಿಲಾಲ ನನ್ನನ್ನು ಧರಿಸಿ ಸ್ಕೂಟರಿನಲ್ಲಿ ಮೆರೆದಾನು ಎಂದು ಆಸೆಪಟ್ಟಿದ್ದೆ. ಕೊಂಡವಳು ಶಿವಮ್ಮ, ಹಾಕಿದ್ದು ಕುರುಡ ಗಂಡನಿಗೆ. ನನ್ನ ಹಣೆಬರಹಕ್ಕೆ ಏನನ್ನಲಿ!

ಆ ಗಂಡನೇ ನನ್ನ ಯಜಮಾನರು, ಮರಿಸ್ವಾಮಿ. ಎಳವೆಯಲ್ಲೇ ಸಿಡುಬು ಅವರ ಎರಡೂ ಕಣ್ಣು ತಿಂದಿತ್ತು. ಮಾಡುತ್ತಿದ್ದ ಕೆಲಸ ಯಾವುದು ಗೊತ್ತೇ? ಸಿನಿಮಾಕ್ಕೆ ಚಿತ್ರಕಥೆ ಬರೆಯುವುದು! ನಾಟಕ ಕಂಪನಿಯಲ್ಲಿ ಹಾರ್ಮೋನಿಯಂ ನುಡಿಸುತ್ತಾ ಮಾತು ಕಲಿತವರು. ಅವರು ಹೇಳುತ್ತಿದ್ದರು, ಶಿವಮ್ಮ ಬರೆಯುತ್ತಿದ್ದಳು. ಗಾಂಧಿನಗರದ ಲಾಡ್ಜಿನಲ್ಲಿ ಕೂತು ಕಥೆ ಹೇಳಿದರೆ ಕಲ್ಲೆದೆಯ ನಿರ್ಮಾಪಕರೂ ಮೂಗು ಒರೆಸಿಕೊಳ್ಳುತ್ತಿದ್ದರು. ಹೊಡೆದಾಟದ ಚಿತ್ರಗಳಿಗೇ ಬರೆದು ಬರೆದು ಅವರಿಗೆ ಬೇಸರ ಬಂದಿತ್ತು. ಒಂದು ದೃಶ್ಯ ಮಾತ್ರ ಎದೆಯಲ್ಲಿ ಕೂತಿತ್ತು: ಕುರುಡ ತಂದೆ, ಕಳೆದುಹೋದ ಮಗಳನ್ನು ಮುಟ್ಟಿ ಗುರುತು ಹಿಡಿಯುವುದು. ಅದರ ಮಾತುಗಳೆಲ್ಲ, ಜ್ವರದಲ್ಲಿ ತೀರಿಕೊಂಡ ತಮ್ಮ ಮಗಳು ಚಂಪಾಳ ತಲೆ ಸವರುತ್ತಾ ಅವರು ಆಡುತ್ತಿದ್ದ ಮಾತುಗಳೇ.

ನಿರ್ದೇಶಕ ಭುಜಂಗರಾವ್ ಆ ದೃಶ್ಯ ಕೇಳಿ ಒಪ್ಪಿದ.

"ಒಂದೇ ಷರತ್ತು ಸಾರ್. ಒಂದು ಅಕ್ಷರಾನೂ ಬದಲಾಯಿಸಬಾರದು," ಎಂದರು ಯಜಮಾನರು.

"ತಾಯಾಣೆ ಮರಿಸ್ವಾಮಿ, ಒಂದಕ್ಷರ ಮುಟ್ಟಲ್ಲ."

ಶೂಟಿಂಗಿನ ದಿನ ಗಂಡ ಹೆಂಡತಿ ಇಬ್ಬರೂ ಹೋಗಿದ್ದರು. ಭುಜಂಗರಾವ್ ನೇರವಾಗಿ ಬಂದು ನನ್ನನ್ನು ಯಜಮಾನರ ಮೂಗಿನಿಂದಲೇ ಕಿತ್ತುಕೊಂಡ. "ಒಂದು ಶಾಟ್‌ಗೆ ಕೊಡಯ್ಯಾ!" ಸಿನಿಮಾದಲ್ಲಿ ಒಂದು ಶಾಟ್‌ಗೆ ಬಂದ ವಸ್ತು ಚಿತ್ರ ಮುಗಿಯುವವರೆಗೂ ಬದಲಾಗುವಂತಿಲ್ಲ. ಕಂಟಿನ್ಯೂಟಿ ಎನ್ನುತ್ತಾರೆ. ಹಾಗಾಗಿ ನಾನು ಅಲ್ಲೇ ಉಳಿದೆ. ಬರಿಗಣ್ಣಿನಲ್ಲಿ ಜನರ ಮುಂದೆ ಕೂರಲಾರದೆ ಯಜಮಾನರು ಮುಖಕ್ಕೆ ಟವೆಲ್ ಮುಚ್ಚಿಕೊಂಡರು. ಶಿವಮ್ಮ ಕೈಹಿಡಿದು ಮನೆಗೆ ಕರೆದೊಯ್ದಳು.

ಅವರು ಹೋದಮೇಲೆ ನನ್ನನ್ನು ಒಬ್ಬ ಹಾಸ್ಯನಟನ ಮೂಗಿಗೇರಿಸಿದರು. ಎದುರಿಗೆ ಮಗಳ ಪಾತ್ರದವಳು ಬರುತ್ತಾಳೆಂದು ಕಾದೆ. ತಂದು ನಿಲ್ಲಿಸಿದ್ದು ಎಮ್ಮೆಯನ್ನು! ಅವನು ಅದರ ಕತ್ತು ತಬ್ಬಿಕೊಂಡು, ಯಜಮಾನರ ಮಾತನ್ನೇ ಅಳುತ್ತಾ ಹೇಳಿದ: "ಬಂದ್ಯಾ ಕಂದಾ? ಎಷ್ಟು ಬೆಳೆದುಬಿಟ್ಟಿದ್ದೀಯ! ನಿನ್ನ ಉಸಿರು ನಂಗೆ ಗೊತ್ತಾಗಲ್ವಾ?" ಎಮ್ಮೆ ಅವನ ಮುಖ ನೆಕ್ಕಿತು. ಲೈಟು ಹಿಡಿದವರೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕರು. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ. ಭುಜಂಗರಾವ್ ಮಾತ್ರ ಮಾತಿಗೆ ತಪ್ಪಲಿಲ್ಲ ನೋಡಿ, ಒಂದಕ್ಷರ ಮುಟ್ಟಲಿಲ್ಲ.

ಚಿತ್ರ ಮುಗಿದಮೇಲೆ ನನ್ನನ್ನು ವಾಪಸು ಕೊಟ್ಟರು. ಮೊದಲ ದಿನದ ಮಾರ್ನಿಂಗ್ ಶೋಗೆ ಯಜಮಾನರು ನನ್ನನ್ನು ಒರೆಸಿ ಹಾಕಿಕೊಂಡು ಹೋದರು. ಆ ದೃಶ್ಯ ಬಂದಾಗ ಶಿವಮ್ಮನ ಕೈ ಹಿಡಿದುಕೊಂಡರು. "ಬಂದ್ಯಾ ಕಂದಾ?" ಎಂದದ್ದೇ ತಡ, ಥಿಯೇಟರು ಬಿದ್ದು ಬಿದ್ದು ನಕ್ಕಿತು.

"ಯಾಕೆ ನಗ್ತಾರೆ ಶಿವೂ? ಮಾತೆಲ್ಲ ನಂದೇ ಅಲ್ವಾ? ಎದುರಿಗೆ ಮಗಳಿದಾಳೆ ತಾನೇ?"

ಶಿವಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡಳು. "ಇದಾಳೆ ಕಣ್ರೀ."

"ಹೇಗಿದಾಳೆ?"

"ನಮ್ಮ ಚಂಪನ ಹಾಗೇ ಇದಾಳೆ."

ತೆರೆಯ ಮೇಲೆ ಎಮ್ಮೆ ಕಿವಿ ಅಲ್ಲಾಡಿಸುತ್ತಿತ್ತು. ಅಯ್ಯೋ, ನನಗೆ ಅಲ್ಲೇ ಒಡೆದುಹೋಗಬೇಕೆನಿಸಿತು.

ಹೊರಗೆ ಬಂದಾಗ ಗೇಟಿನ ಬಳಿ ನಿಂತಿದ್ದ ಒಬ್ಬ ನನ್ನನ್ನು ಗುರುತು ಹಿಡಿದ. "ಲೇ, ಎಮ್ಮೆ ತಬ್ಕೊಂಡೋನ ಕನ್ನಡಕ ಕಣ್ರೋ! ತಾತೋ, ನಿನ್ ಮಗಳು ಕೊಟ್ಟಿಗೇಲಿ ಕಾಯ್ತಾವ್ಳೆ, ಹುಲ್ಲು ತಗೊಂಡೋಗು!" ಜೊತೆಯವರು ಎಮ್ಮೆಯಂತೆ ಕೂಗಿದರು.

ಯಜಮಾನರು ನಿಂತರು. "ಎಮ್ಮೇನಾ?"

ಶಿವಮ್ಮ ಅವರ ಕೈ ಹಿಡಿದು ಮುಂದಕ್ಕೆಳೆದಳು.

"ಚಂಪನ ಹಾಗೇ ಇದಾಳೆ ಅಂದ್ಯಲ್ಲೇ."

ಅವಳ ಕೈ ಬಿಡಿಸಿಕೊಂಡು, ನನ್ನನ್ನು ತೆಗೆದು ರಸ್ತೆಗೆಸೆದರು. ಶಿವಮ್ಮ ಹುಡುಕಿ ಎತ್ತಿಕೊಂಡಳು. ಒಂದು ಗಾಜು ಬಿರುಕು ಬಿಟ್ಟಿತ್ತು.

ಈಗ ಅವರ ಮನೆಯ ಗೋಡೆಗೂಡಿನಲ್ಲಿ ಧೂಳು ತಿನ್ನುತ್ತಿದ್ದೇನೆ. ಚಿತ್ರ ಭರ್ಜರಿಯಾಗಿ ಓಡಿತು. ಇನ್ನೊಂದು ಅಂಥದ್ದೇ ಸೀನು ಬೇಕೆಂದು ಭುಜಂಗರಾವ್ ಹೇಳಿಕಳಿಸಿದ. ಯಜಮಾನರು ಕಥೆ ಹೇಳುವುದನ್ನೇ ಬಿಟ್ಟರು. ಮೋಸ ಮಾಡಿದವನು ಸುಖವಾಗಿದ್ದಾನೆ, ಶಿಕ್ಷೆಯೆಲ್ಲ ಸುಳ್ಳು ಹೇಳಿದವಳಿಗೆ ಬಂತು. ಅನ್ನ ಬಡಿಸಿ, "ಸಾರು ಹಾಕಿದೀನಿ ರೀ, ಊಟ ಮಾಡಿ," ಎನ್ನುತ್ತಾಳೆ. ಹಿಂದೆಲ್ಲ ಆ ಮಾತು ಕೇಳಿಯೇ ತುತ್ತು ಕಲಸುತ್ತಿದ್ದ ಯಜಮಾನರು ಈಗ ಮೊದಲು ತಟ್ಟೆಯೊಳಗೆ ಕೈಯಾಡಿಸಿ ನೋಡುತ್ತಾರೆ.